ನೀಲಗಿರಿಯ ನುಡಿಗಳು ಮತ್ತು ಟೆಲಿವಿಷನ್ನಿನ ಸಂಗ್ರಹದೃಶ್ಯ

ನೀಲಗಿರಿಯನ್ನು ಕುರಿತ ಟೆಲಿವಿಷನ್ ಕಾರ್ಯಕ್ರಮಗಳನ್ನು ನಾಲ್ಕಾರು ಸಲ ನೋಡಿದವರಿಗೆ ಅವುಗಳ ದೃಶ್ಯಕ್ರಮ ಬಹುಮಟ್ಟಿಗೆ ಬಾಯಿಪಾಠವಾಗಿರುತ್ತದೆ. ಮೇಟ್ಟುಪಾಳಯದಿಂದ ಹಲ್ಲುಹಳಿಯ ಮೇಲೆ ಏದುತ್ತ ಏರಿಬರುವ ಪುಟ್ಟ ರೈಲು, ಮಂಜು ಕವಿದ ಚಹಾತೋಟ, ಅರ್ಧ ಪೀಪಾಯಿಯ ಆಕಾರದ ತೋಡ ಗುಡಿಸಲು, ಎಮ್ಮೆಗಳ ಹಿಂಡು, ಕೆಂಪು ಕಪ್ಪು ಕಸೂತಿಯ ಹೊದಿಕೆ ಹೊದ್ದ ಒಬ್ಬ ವೃದ್ಧೆ. ವೃದ್ಧೆಯ ತುಟಿಗಳು ಅಲುಗುತ್ತಿರುತ್ತವೆ. ಕೇಳಿಸುವುದು ಮಾತ್ರ ತಮಿಳಿನಲ್ಲೋ ಹಿಂದಿಯಲ್ಲೋ ಇಂಗ್ಲಿಷಿನಲ್ಲೋ ಮಾತನಾಡುವ ನಿರೂಪಕನ ದನಿ, ಅದರ ಹಿಂದೆ ಕೊಳಲಿನ ನಾದ. ಆಕೆ ಹೇಳಿದ್ದೇನು ಎಂಬುದು ಕಾರ್ಯಕ್ರಮದಲ್ಲಿಲ್ಲ. ಕೆಲವು ವರ್ಷಗಳ ಮೇಲೆ ಅದೇ ತುಣುಕು ಬೇರೊಂದು ಕಾರ್ಯಕ್ರಮಕ್ಕೆ ಸಂಗ್ರಹದೃಶ್ಯವಾಗಿ ಹೋಗುವಾಗ ಈ ಮೌನವನ್ನೂ ತನ್ನೊಡನೆ ಒಯ್ಯುತ್ತದೆ.

ಇದನ್ನು ಕಲಾಭಿರುಚಿಯ ಕೊರತೆ ಎಂದು ಕೈಬಿಡಬಹುದಿತ್ತು, ನೀಲಗಿರಿ ಬೇರೆ ಬಗೆಯ ಜಿಲ್ಲೆಯಾಗಿದ್ದರೆ. ತಮಿಳುನಾಡಿನಲ್ಲಿ ವಿಶೇಷವಾಗಿ ದುರ್ಬಲವೆಂದು ಗುರುತಿಸಲಾದ ಆರು ಬುಡಕಟ್ಟುಗಳಿವೆ: ತೋಡ, ಕೋತ, ಕುರುಂಬ, ಇರುಳ, ಪಣಿಯ, ಕಾಟ್ಟುನಾಯಕ. ಈ ಆರೂ ಸಮುದಾಯಗಳು ಇದೊಂದೇ ಪುಟ್ಟ ಜಿಲ್ಲೆಯಲ್ಲಿ ನೆಲಸಿವೆ. ಇವರೊಡನೆ ಬಡಗರು ಇದ್ದಾರೆ. 2011ರ ಜನಗಣತಿ ಬಡಗವನ್ನು ಕನ್ನಡದ ಅಡಿಯಲ್ಲಿ ಒಂದು ಮಾತೃಭಾಷೆಯಾಗಿ ಎಣಿಸಿ, ಅದನ್ನಾಡುವವರು ಸುಮಾರು 1,33,000 ಎಂದಿತು. ಹತ್ತು ಸಾವಿರಕ್ಕಿಂತ ಕಡಿಮೆ ಜನ ಆಡುವ ಭಾಷೆಗಳನ್ನು ಜನಗಣತಿ ಪ್ರತ್ಯೇಕವಾಗಿ ಪ್ರಕಟಿಸುವುದೇ ಇಲ್ಲವಾದ್ದರಿಂದ ತೋಡ, ಕೋತ ನುಡಿಗಳು ಆ ಪಟ್ಟಿಯಲ್ಲಿ ಕಾಣಿಸಿಕೊಳ್ಳುವುದಿಲ್ಲ. ಇಂಥ ನುಡಿಗಳಿಗೆ ಕ್ಯಾಮೆರಾದ ಮುಂದೆ ಆಡಿದ ಎರಡು ನಿಮಿಷದ ಮಾತೂ ಆಧಾರವಾಗಬಲ್ಲದು. ಆದರೆ ಟೆಲಿವಿಷನ್ ನಿರ್ಮಾಣದ ರೂಢಿಗಳು ಮೊದಲು ತೆಗೆದುಹಾಕುವುದು ಆ ಎರಡು ನಿಮಿಷವನ್ನೇ.

ಸಂಗ್ರಹದೃಶ್ಯವೆಂದರೆ ಈಗಿನ ಕಾರ್ಯಕ್ರಮಕ್ಕಾಗಿ ಚಿತ್ರಿಸದೆ, ಹಿಂದೆ ಬೇರೊಂದು ಉದ್ದೇಶಕ್ಕೆ ಚಿತ್ರಿಸಿಟ್ಟಿದ್ದನ್ನು ತೆಗೆದು ಬಳಸಿದ ದೃಶ್ಯ. ವಾರ್ತಾಚಿತ್ರ, ಸಾಕ್ಷ್ಯಚಿತ್ರದ ಉಳಿಕೆ, ಸರ್ಕಾರಿ ಪ್ರಚಾರಚಿತ್ರ, ಮನೆಯವರು ತೆಗೆದ ಚಿತ್ರ, ಕಥಾಚಿತ್ರದ ತುಣುಕು, ಎಲ್ಲವೂ ಇದರೊಳಗೆ ಬರುತ್ತವೆ. ನಿರ್ಮಾಪಕನಿಗೆ ಇದು ಬೇಕಾಗುವುದು ಮುಖ್ಯವಾಗಿ ಎರಡು ಕಾರಣಕ್ಕೆ. ಒಂದು, ನಡೆದದ್ದಕ್ಕೆ ಸಾಕ್ಷ್ಯವಾಗಿ. ಇನ್ನೊಂದು, ಮಾತಿನ ಕೆಳಗೆ ಹಾಸಲು ಏನಾದರೊಂದು ಚಿತ್ರ ಬೇಕೆಂಬ ಕಾರಣಕ್ಕೆ. ಸಂದರ್ಶನವೊಂದನ್ನು ನಡುವೆ ಕತ್ತರಿಸಿದಾಗ ಆ ಕತ್ತರಿಯ ಗುರುತು ಕಾಣದಿರಲೆಂದು ಅದರ ಮೇಲೆ ಹೊದಿಸುವ ದೃಶ್ಯವೂ ಈ ಎರಡನೆಯ ಬಗೆಯದೇ. 1964ರಲ್ಲಿ ಬಿಬಿಸಿ ಪ್ರಸಾರ ಮಾಡಿದ ‘ದಿ ಗ್ರೇಟ್ ವಾರ್’ ಮತ್ತು 1973–74ರಲ್ಲಿ ಥೇಮ್ಸ್ ಟೆಲಿವಿಷನ್ನಿನ ‘ದಿ ವರ್ಲ್ಡ್ ಅಟ್ ವಾರ್’ ಎಂಬ 26 ಕಂತುಗಳ ಸರಣಿಗಳು ಹಳೆಯ ಫಿಲ್ಮನ್ನೇ ನಿರೂಪಣೆಯ ಬೆನ್ನೆಲುಬಾಗಿಸಿ ಮೊದಲನೆಯ ಬಗೆಗೆ ಒಂದು ಮಟ್ಟವನ್ನು ನಿಲ್ಲಿಸಿದವು. ಒಂದು ಕದನದ ದೃಶ್ಯವನ್ನು ಇನ್ನೊಂದು ಕದನವೆಂದು ತೋರಿಸಬಹುದೇ ಎಂಬ ಪ್ರಶ್ನೆ ಸಂಕಲನದ ಮೇಜಿನ ಮೇಲೆ ಗಂಭೀರವಾಗಿ ಚರ್ಚೆಯಾದದ್ದು ಇಂಥ ಸರಣಿಗಳ ಕಾಲದಲ್ಲಿಯೇ. ದಿನನಿತ್ಯದ ಟೆಲಿವಿಷನ್ ಮಾತ್ರ ಎರಡನೆಯ ಬಗೆಯಲ್ಲೇ ನಡೆದುಬಂದಿದೆ.

ನೀಲಗಿರಿಗೆ ಸ್ಥಳದ ಈ ಗೊಂದಲ ಹೊಸದಲ್ಲ. 1984ರ ‘ಎ ಪ್ಯಾಸೇಜ್ ಟು ಇಂಡಿಯಾ’ದಲ್ಲಿ ಇಲ್ಲಿನ ಬೆಟ್ಟದ ರೈಲು ಕಲ್ಪಿತ ಮರಬಾರ್ ಗುಹೆಗಳತ್ತ ಹೋಗುತ್ತದೆ, ಆ ಗುಹೆಗಳ ಪಾತ್ರವನ್ನು ವಹಿಸಿದ್ದು ಸಾವನದುರ್ಗದ ಬಂಡೆಗಳು. 1998ರ ‘ದಿಲ್ ಸೇ’ಯ ಪ್ರಸಿದ್ಧ ಹಾಡಿನ ರೈಲೂ ಇದೇ. ಕಥಾಚಿತ್ರದಲ್ಲಿ ಇದು ತಪ್ಪಲ್ಲ. ಆದರೆ ಇಂಥ ತುಣುಕು ಸಂಗ್ರಹ ಸೇರಿ, ಶೀರ್ಷಿಕೆ ಕಳಚಿ, ಮುಂದೆ ‘ದಕ್ಷಿಣ ಭಾರತದ ಗಿರಿಧಾಮ, 1920ರ ದಶಕ’ ಎಂದು ಹೊರಬಂದರೆ ಹಿಡಿಯುವವರು ಕಡಿಮೆ. ಸ್ಥಳದ ವಿಷಯದಲ್ಲಿ ಆಗುವ ಇಂಥ ತಪ್ಪನ್ನು ಬೆಟ್ಟದ ಗೆರೆ ನೋಡಿಯಾದರೂ ತಿದ್ದಬಹುದು. ನುಡಿಯ ವಿಷಯದಲ್ಲಿ ತಿದ್ದಲು ದನಿಯೇ ಉಳಿದಿರುವುದಿಲ್ಲ.

ದನಿ ಕಳೆದುಹೋಗುವುದು ಒಂದೇ ಏಟಿಗೆ ಅಲ್ಲ. ಮೊದಲ ಹಂತ ಯಂತ್ರದ್ದು. ಮೂಕಿಚಿತ್ರದ ಕಾಲದ ಫಿಲ್ಮಿಗೆ ದನಿಯೇ ಇರಲಿಲ್ಲ. ಮಾತಿನ ಚಿತ್ರ ಬಂದ ಮೇಲೂ ಕಾಡುಮೇಡುಗಳಿಗೆ ಹೊತ್ತೊಯ್ಯಬಹುದಾದ, ಚಿತ್ರಕ್ಕೆ ಹೊಂದಿಕೆಯಾಗಿ ಅದೇ ಗಳಿಗೆಯ ಧ್ವನಿಯನ್ನು ಮುದ್ರಿಸುವ ಹಗುರ ಉಪಕರಣಗಳು ಬಳಕೆಗೆ ಬಂದದ್ದು 1960ರ ಆಸುಪಾಸಿನಲ್ಲಿ. ಅದಕ್ಕಿಂತ ಹಿಂದಿನ ನೀಲಗಿರಿಯ ಚಿತ್ರಣದಲ್ಲಿ ಕೇಳಿಸುವ ಹಕ್ಕಿಯ ಕೂಗು, ಎಮ್ಮೆಯ ಗಂಟೆ, ಜನರ ಗದ್ದಲ ಬಹುತೇಕ ಸ್ಟುಡಿಯೋದಲ್ಲಿ ಸೇರಿಸಿದವು ಎಂದೇ ತಿಳಿದು ನೋಡುವುದು ಕ್ಷೇಮ. ಎರಡನೆಯ ಹಂತ ಸಂಕಲನದ್ದು: ನಿರೂಪಣೆಯನ್ನು ಮೇಲೆ ಹಾಸುವಾಗ ಕೆಳಗಿನ ಮಾತನ್ನು ತಗ್ಗಿಸುವುದು ಇಲ್ಲವೆ ತೆಗೆದೇಬಿಡುವುದು. ಮೂರನೆಯದು ಮಾರಾಟದ ಹಂತ. ಕಾರ್ಯಕ್ರಮವನ್ನು ಬೇರೆ ಭಾಷೆಗಳಿಗೆ ಡಬ್ ಮಾಡಲು ಅನುಕೂಲವಾಗುವಂತೆ ಸಂಗೀತ ಮತ್ತು ಪರಿಣಾಮಧ್ವನಿಗಳಷ್ಟೇ ಇರುವ ಒಂದು ಪಟ್ಟಿಯನ್ನು ಪ್ರತ್ಯೇಕ ಸಿದ್ಧಪಡಿಸುತ್ತಾರೆ. ಉದ್ಯಮದಲ್ಲಿ ಅದಕ್ಕೆ ‘ಎಂ ಅಂಡ್ ಇ’ ಎಂದು ಹೆಸರು. ಅದರಲ್ಲಿ ಗಾಳಿ ಇರುತ್ತದೆ, ಆನೆಯ ಘೀಳು ಇರುತ್ತದೆ, ಮನುಷ್ಯನ ಮಾತು ಇರುವುದಿಲ್ಲ. ಮುಂದಿನ ಬಳಕೆಗೆ ಹೋಗುವುದು ಈ ಪಟ್ಟಿಯೊಡನಿರುವ ಪ್ರತಿಯಾದರೆ, ದೃಶ್ಯದಲ್ಲಿ ಯಾರು ಯಾವ ಭಾಷೆಯಲ್ಲಿ ಮಾತನಾಡುತ್ತಿದ್ದರೆಂಬುದರ ಕುರುಹೂ ಉಳಿಯದು.

ಇದರಿಂದ ಆಗುವ ನಷ್ಟವೇನೆಂಬುದಕ್ಕೆ ಬಡಗದಷ್ಟು ಸ್ಪಷ್ಟವಾದ ನಿದರ್ಶನ ಸಿಗಲಾರದು. 1935ರಿಂದ 1938ರವರೆಗೆ ನೀಲಗಿರಿ, ಕೊಡಗು ಮೊದಲಾದೆಡೆ ಕ್ಷೇತ್ರಕಾರ್ಯ ನಡೆಸಿದ ಎಂ. ಬಿ. ಎಮೆನೋ ಅವರು 1939ರಲ್ಲಿ ‘ಲ್ಯಾಂಗ್ವೇಜ್’ ಪತ್ರಿಕೆಯಲ್ಲಿ ಬಡಗದ ಸ್ವರಗಳನ್ನು ಕುರಿತು ಬರೆದರು. ನಾಲಗೆಯ ತುದಿಯನ್ನು ಮೇಲಕ್ಕೆ ಮಡಿಸಿ ಉಚ್ಚರಿಸುವ ಮೂರ್ಧನ್ಯ ಗುಣ ಕನ್ನಡದಲ್ಲಿ ಟ, ಡ, ಣ, ಳ ಮುಂತಾದ ವ್ಯಂಜನಗಳಿಗಷ್ಟೇ ಮೀಸಲು. ಬಡಗದಲ್ಲಿ ಅದು ಸ್ವರಗಳಿಗೂ ಇದೆ, ಅದೂ ಒಂದಲ್ಲ, ಅರೆ ಮತ್ತು ಪೂರ್ಣ ಎಂದು ಎರಡು ಅಂತರಗಳಲ್ಲಿ, ಎಂಬುದು ಅವರ ವರ್ಣನೆ. ಜಗತ್ತಿನ ಭಾಷೆಗಳಲ್ಲಿ ತೀರ ವಿರಳವಾದ ಈ ಲಕ್ಷಣವನ್ನು ಲ್ಯಾಡಿಫೋಗೆಡ್ ಮತ್ತು ಮ್ಯಾಡಿಸನ್ ತಮ್ಮ 1996ರ ಧ್ವನಿವಿಜ್ಞಾನ ಗ್ರಂಥದಲ್ಲಿಯೂ ಚರ್ಚಿಸಿದರು. ಈಗ ಬಡಗ ಆಡುವವರಲ್ಲಿ ಹೆಚ್ಚಿನವರು ಈ ಎರಡು ಹಂತಗಳ ವ್ಯತ್ಯಾಸವನ್ನು ಉಳಿಸಿಕೊಂಡಿಲ್ಲ. ಅದು ಯಾವ ತಲೆಮಾರಿನಲ್ಲಿ ಸಡಿಲವಾಯಿತು, ಕೋತಗಿರಿಯ ಕಡೆಯಲ್ಲೋ ಉದಕಮಂಡಲದ ಸುತ್ತಣ ಹಟ್ಟಿಗಳಲ್ಲೋ ಮೊದಲು, ಯಾವ ಪದಗಳಲ್ಲಿ ಹೆಚ್ಚು ದಿನ ನಿಂತಿತು ಎಂಬ ಪ್ರಶ್ನೆಗಳಿಗೆ ಬರೆಹದಲ್ಲಿ ಉತ್ತರವಿಲ್ಲ. ಪಾಲ್ ಹಾಕಿಂಗ್ಸ್ ಮತ್ತು ಕ್ರಿಸ್ಟಿಯಾನ್ ಪಿಲೋ-ರೈಚೂರ್ ಅವರ 1992ರ ಬಡಗ–ಇಂಗ್ಲಿಷ್ ನಿಘಂಟು ಪದಸಂಪತ್ತಿಗೆ ದೊಡ್ಡ ಆಸರೆ. ಆದರೆ ಯಾವ ನಿಘಂಟೂ ಒಂದು ಸ್ವರ ಹತ್ತಾರು ವರ್ಷಗಳಲ್ಲಿ ಬದಲಾದ ಬಗೆಯನ್ನು ಕೇಳಿಸಲಾರದು. ಅದಕ್ಕೆ ಬೇರೆ ಬೇರೆ ದಶಕಗಳಲ್ಲಿ ಮುದ್ರಿತವಾದ ದನಿಗಳೇ ಬೇಕು.

ಇಲ್ಲಿಯೇ ಹಳೆಯ ಟೆಲಿವಿಷನ್ ಚಿತ್ರಣಕ್ಕೆ ಅದರ ನಿರ್ಮಾಪಕರು ಎಂದೂ ಎಣಿಸದ ಬೆಲೆ ಬರುತ್ತದೆ. ಮೂರ್ಧನ್ಯ ಗುಣ ಧ್ವನಿಯ ಮೂರನೆಯ ಫಾರ್ಮೆಂಟನ್ನು, ಎಂದರೆ ಸ್ವರದ ಅನುರಣನದ ಮೂರನೆಯ ಶಿಖರವನ್ನು, ಕೆಳಗಿಳಿಸುತ್ತದೆ. ಆ ಶಿಖರ ಸಾಮಾನ್ಯವಾಗಿ 3,000 ಹರ್ಟ್ಜ್‌ನ ಒಳಗೇ ಇರುವುದರಿಂದ 16 ಮಿ.ಮೀ. ಫಿಲ್ಮಿನ ಅಂಚಿನಲ್ಲಿರುವ, ಸಂಗೀತಕ್ಕೆ ಸಾಲದೆಂದು ಹೀಗಳೆಯುವ ಧ್ವನಿಪಟ್ಟಿಯಲ್ಲೂ ಅದು ಸಿಕ್ಕಬಲ್ಲದು. ಬೆಲೆ, ಬೆಳೆ, ಮದುವೆಯ ಬಗ್ಗೆ ಬಡಗ ಮುದುಕರೊಬ್ಬರು ಮೈಕಿನ ಮುಂದೆ ಆಡಿದ ಸಾಧಾರಣ ಮಾತು ಇದ್ದರೂ ಸಾಕು. ಒಂದು ಎಚ್ಚರಿಕೆ ಮಾತ್ರ ಅಗತ್ಯ. ಫಿಲ್ಮ್ ಓಡುವುದು ಸೆಕೆಂಡಿಗೆ 24 ಚೌಕಟ್ಟಿನಲ್ಲಿ, ಭಾರತದ ಟೆಲಿವಿಷನ್ 25ರಲ್ಲಿ. ಫಿಲ್ಮನ್ನು ಟೇಪಿಗೆ ಇಳಿಸುವಾಗ ಈ ಒಂದು ಚೌಕಟ್ಟಿನ ವ್ಯತ್ಯಾಸವನ್ನು ಸಾಮಾನ್ಯವಾಗಿ ವೇಗ ಹೆಚ್ಚಿಸಿಯೇ ಸರಿದೂಗಿಸುತ್ತಾರೆ. ಆಗ ಧ್ವನಿಯ ಎಲ್ಲ ಆವರ್ತಗಳೂ ಸುಮಾರು 4 ಪ್ರತಿಶತ ಮೇಲೇರುತ್ತವೆ. ನೋಡುಗನಿಗೆ ಇದು ತಿಳಿಯುವುದೇ ಇಲ್ಲ. ಫಾರ್ಮೆಂಟ್ ಅಳೆಯುವ ಸಂಶೋಧಕನನ್ನು ಇದು ದಾರಿ ತಪ್ಪಿಸುತ್ತದೆ. ಮೂಲ ಯಾವ ಮಾಧ್ಯಮದಲ್ಲಿತ್ತು, ಎಷ್ಟು ವೇಗದಲ್ಲಿ ಇಳಿಸಿದರು ಎಂಬ ಒಂದು ಸಾಲಿನ ಟಿಪ್ಪಣಿ ಪ್ರತಿಯೊಡನೆ ಇದ್ದರೆ ಲೆಕ್ಕ ಸರಿಯಾಗುತ್ತದೆ. ಆ ಸಾಲು ಇರುವ ಪ್ರತಿಗಳು ವಿರಳ. ಧ್ವನಿಯಲ್ಲಿನ ಕರಕರವನ್ನು ತೆಗೆದು ‘ಶುದ್ಧ’ ಮಾಡಿಕೊಟ್ಟ ಪ್ರತಿಯಂತೂ ಈ ಕೆಲಸಕ್ಕೆ ಇನ್ನೂ ಕೆಟ್ಟದ್ದು. ಕರಕರದ ಜೊತೆ ಮಾತಿನ ಸೂಕ್ಷ್ಮವೂ ಹೋಗಿರುತ್ತದೆ.

ಪ್ರಸಾರವಾದದ್ದಕ್ಕಿಂತ ಪ್ರಸಾರವಾಗದೆ ಉಳಿದದ್ದು ಹೆಚ್ಚು ಎಂಬುದನ್ನೂ ಇಲ್ಲಿ ನೆನೆಯಬೇಕು. ಮಸಿನಗುಡಿಯಿಂದ ಉತ್ತರಕ್ಕೆ ಕಾಡು ಮುದುಮಲೆ, ಬಂಡೀಪುರಗಳನ್ನು ದಾಟಿ ಕಬಿನಿಯವರೆಗೆ ಒಂದೇ ಸಮನೆ ಹಬ್ಬಿದೆ. ಈ ಒಂದೇ ಕಾಡಿನಲ್ಲಿ, ಎಂಬತ್ತಕ್ಕೂ ಹೆಚ್ಚು ವರ್ಷಗಳ ಅಂತರದಲ್ಲಿ, ಆನೆ ಮತ್ತು ಆನೆಯವರನ್ನು ಕುರಿತ ಎರಡು ಚಿತ್ರಗಳು ತಯಾರಾಗಿ ಲೋಕಪ್ರಸಿದ್ಧವಾದವು. ‘ನಾನೂಕ್ ಆಫ್ ದಿ ನಾರ್ತ್’ ಖ್ಯಾತಿಯ ರಾಬರ್ಟ್ ಫ್ಲಾಹರ್ಟಿ 1935–36ರಲ್ಲಿ ಮೈಸೂರು ಸಂಸ್ಥಾನದಲ್ಲಿ ಬೀಡುಬಿಟ್ಟು ಕಿಪ್ಲಿಂಗನ ಕಥೆಯೊಂದರ ಆಧಾರದ ಮೇಲೆ ‘ಎಲಿಫೆಂಟ್ ಬಾಯ್’ ಚಿತ್ರಿಸಿದರು. ಕಾರಾಪುರದ ಮಾವುತನ ಮಗ ಸಾಬು ಅದರ ನಾಯಕ. ಫ್ಲಾಹರ್ಟಿ ಇಲ್ಲಿ ಚಿತ್ರಿಸಿದ್ದು ಸುಮಾರು 55 ಗಂಟೆಯಷ್ಟು. ಲಂಡನ್ನಿನ ನಿರ್ಮಾಪಕರು ಜೋಲ್ಟನ್ ಕೊರ್ಡಾ ಅವರ ನಿರ್ದೇಶನದಲ್ಲಿ ಡೆನ್‌ಹ್ಯಾಮ್ ಸ್ಟುಡಿಯೋದ ದೃಶ್ಯಗಳನ್ನು ಸೇರಿಸಿ 1937ರಲ್ಲಿ ಹೊರತಂದದ್ದು ಸುಮಾರು 80 ನಿಮಿಷ. ಅದರಲ್ಲಿ ಸಾಬು ಮಾತನಾಡುವುದು ಇಂಗ್ಲಿಷಿನಲ್ಲಿ. ಕಾರಾಪುರದ ಆನೆಲಾಯದಲ್ಲಿ ಆ ಹುಡುಗ ಆಡುತ್ತಿದ್ದ ಮಾತಿಗೆ ಚಿತ್ರದಲ್ಲಿ ಜಾಗವಿರಲಿಲ್ಲ.

ಇನ್ನೊಂದು, ಕಾರ್ತಿಕಿ ಗೊನ್ಸಾಲ್ವಿಸ್ ಅವರ ‘ದಿ ಎಲಿಫೆಂಟ್ ವಿಸ್ಪರರ್ಸ್’. ಮುದುಮಲೆಯ ತೆಪ್ಪಕಾಡು ಆನೆ ಶಿಬಿರದಲ್ಲಿ ಬೊಮ್ಮನ್ ಮತ್ತು ಬೆಳ್ಳಿ ದಂಪತಿ ರಘು ಎಂಬ ಅನಾಥ ಮರಿಯಾನೆಯನ್ನು ಸಾಕಿದ ಕಥೆಯಿದು. 2022ರ ಡಿಸೆಂಬರಿನಲ್ಲಿ ನೆಟ್‌ಫ್ಲಿಕ್ಸ್‌ನಲ್ಲಿ ಬಿಡುಗಡೆಯಾಗಿ 2023ರ ಮಾರ್ಚಿನಲ್ಲಿ ಕಿರುಸಾಕ್ಷ್ಯಚಿತ್ರ ವಿಭಾಗದ ಆಸ್ಕರ್ ಪಡೆಯಿತು. ಐದು ವರ್ಷಗಳಲ್ಲಿ ಚಿತ್ರಿಸಿದ್ದು 450 ಗಂಟೆಯಷ್ಟೆಂದು ಚಿತ್ರತಂಡ ಹೇಳಿದೆ. ತೆರೆಯ ಮೇಲೆ ಬಂದದ್ದು ಸುಮಾರು 40 ನಿಮಿಷ. ದಂಪತಿ ಕಾಟ್ಟುನಾಯಕ ಸಮುದಾಯದವರು. ಆ ಸಮುದಾಯದ ನುಡಿ ಕನ್ನಡಕ್ಕೆ ತೀರ ಹತ್ತಿರದ ದ್ರಾವಿಡ ನುಡಿ, ಗಡಿಯಾಚೆಯ ಜೇನುಕುರುಬರ ಮಾತಿನೊಡನೆ ಅದರ ನಂಟನ್ನು ವಿದ್ವಾಂಸರು ಗುರುತಿಸಿದ್ದಾರೆ. ಚಿತ್ರದ ವಿವರಪಟ್ಟಿಗಳಲ್ಲಿ ಭಾಷೆ ಎಂಬ ಕಡೆ ಇರುವುದು ತಮಿಳು ಎಂಬ ಒಂದೇ ಪದ.

ಈ ಎರಡನ್ನು ಅಕ್ಕಪಕ್ಕ ಇಟ್ಟಾಗ ಭಾಷಾವಿಜ್ಞಾನಿಯ ಗಮನ ಹೋಗುವುದು 80 ನಿಮಿಷದ ಕಡೆಗಾಗಲಿ 40 ನಿಮಿಷದ ಕಡೆಗಾಗಲಿ ಅಲ್ಲ. ಶಿಬಿರದಲ್ಲಿ ದಿನವಿಡೀ ತೆರೆದಿಟ್ಟ ಕ್ಯಾಮೆರಾಗಳು ಮಾವುತನು ಆನೆಗೆ ಕೊಡುವ ಆಜ್ಞೆಗಳನ್ನು, ಮರಿಗೆ ಹಾಲು ಕುಡಿಸುವಾಗಿನ ಮುದ್ದುಮಾತನ್ನು, ಒಲೆಯ ಮುಂದಿನ ಹರಟೆಯನ್ನು ಸಹಜವಾಗಿಯೇ ಹಿಡಿಯುತ್ತವೆ. ಪ್ರಶ್ನಾವಳಿ ಹಿಡಿದು ಹೋದ ಕ್ಷೇತ್ರಕಾರ್ಯಕರ್ತನ ಮುಂದೆ ಯಾರೂ ಹೀಗೆ ಮಾತನಾಡುವುದಿಲ್ಲ. ಇಂಥ ಯಾವ ಚಿತ್ರದಲ್ಲಾದರೂ ಸಂಕಲನಕಾರನ ಮೇಜಿನಿಂದ ಕೆಳಗೆ ಬಿದ್ದ ಗಂಟೆಗಳೇ ನುಡಿಯ ಅಧ್ಯಯನಕ್ಕೆ ಬೇಕಾದವು. ಚಲನಚಿತ್ರದ ಇತಿಹಾಸದಲ್ಲಿ ಅಂಥ ಉಳಿಕೆಗಳ ಗತಿ ಒಳ್ಳೆಯದಾಗಿಲ್ಲ. ಸಿದ್ಧವಾದ ಚಿತ್ರವನ್ನೇ ಉಳಿಸಿಕೊಳ್ಳಲಾಗದ ನಾಡು ನಮ್ಮದು: ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದ (1934) ಒಂದು ಪ್ರತಿಯೂ ಇಂದು ಇಲ್ಲ. ಬಿಬಿಸಿಯಂಥ ಸಂಸ್ಥೆಯೇ 1960, 70ರ ದಶಕಗಳಲ್ಲಿ ಟೇಪು ದುಬಾರಿಯೆಂದು ಪ್ರಸಾರವಾದ ಕಾರ್ಯಕ್ರಮಗಳನ್ನು ಅಳಿಸಿ ಅದರ ಮೇಲೆ ಹೊಸದನ್ನು ಮುದ್ರಿಸಿತು. ಈಗ ಟೇಪಿನ ಬೆಲೆ ಅಡ್ಡಿಯಲ್ಲ, ಆದರೆ ಹಾರ್ಡ್ ಡಿಸ್ಕುಗಳನ್ನು ಕೆಲವು ವರ್ಷಗಳಿಗೊಮ್ಮೆ ಹೊಸ ಡಿಸ್ಕಿಗೆ ನಕಲಿಸುತ್ತ ಹೋಗುವ ಹೊಣೆ ಯಾರದೆಂಬುದು ನಿರ್ಮಾಣ ಒಪ್ಪಂದಗಳಲ್ಲಿ ಸಾಮಾನ್ಯವಾಗಿ ಬರೆದಿರುವುದಿಲ್ಲ.

ಬೇರೊಂದು ದಾರಿಯೂ ಇತ್ತೆಂಬುದಕ್ಕೆ ತುಳುನಾಡಿನ ಒಂದು ನಿದರ್ಶನ ಸಾಕು. 1990ರ ಡಿಸೆಂಬರಿನಲ್ಲಿ ಬೆಳ್ತಂಗಡಿ ತಾಲ್ಲೂಕಿನ ಮಾಚಾರಿನ ಗೋಪಾಲ ನಾಯ್ಕರು ಹಲವು ದಿನ ನಿರಂತರವಾಗಿ ಹಾಡಿದ ಸಿರಿ ಪಾಡ್ದನವನ್ನು ಫಿನ್‌ಲೆಂಡಿನ ಲೌರಿ ಹಾಂಕೊ, ಬಿ. ಎ. ವಿವೇಕ ರೈ, ಚಿನ್ನಪ್ಪ ಗೌಡ ಮೊದಲಾದವರು ಧ್ವನಿ ಮತ್ತು ವಿಡಿಯೋ ಎರಡರಲ್ಲಿಯೂ ದಾಖಲಿಸಿದರು. ಲಿಪ್ಯಂತರಿಸಿದಾಗ ಅದು 15,683 ಸಾಲುಗಳಾಯಿತು. ಟೆಲಿವಿಷನ್ ತಂಡವೊಂದು ಅದೇ ಗಾಯಕರ ಮುಂದೆ ಕುಳಿತಿದ್ದರೆ ಮೂರು ನಿಮಿಷ ಸಾಕೆನ್ನುತ್ತಿತ್ತು, ಅದು ಅದರ ಕೆಲಸಕ್ಕೆ ನಿಜವಾಗಿಯೂ ಸಾಕು. ವ್ಯತ್ಯಾಸ ಇರುವುದು ಗಂಟೆಗಳ ಲೆಕ್ಕದಲ್ಲಷ್ಟೇ ಅಲ್ಲ. ಹಾಡಿದವರು ಯಾರು, ಎಲ್ಲಿ, ಯಾವ ಹೊತ್ತಿನಲ್ಲಿ, ಎಲ್ಲಿ ನಿಲ್ಲಿಸಿದರು, ಎಲ್ಲಿಂದ ಮತ್ತೆ ಎತ್ತಿಕೊಂಡರು ಎಂಬುದೆಲ್ಲ ಅಲ್ಲಿ ದಾಖಲೆಯ ಅಂಗವಾಗಿತ್ತು.

ನೀಲಗಿರಿಯ ಹಳೆಯ ದೃಶ್ಯಗಳ ವಿವರಪಟ್ಟಿಗಳಲ್ಲಿ ಇದಕ್ಕೆ ತದ್ವಿರುದ್ಧ ಸ್ಥಿತಿ. ಹುಡುಕುವವನು ಮೊದಲು ಹೆಸರುಗಳ ಕಾಡನ್ನು ದಾಟಬೇಕು. ಉದಕಮಂಡಲ ‘ಊಟಕಮಂಡ್’ ಆಗಿರುತ್ತದೆ, ನೀಲಗಿರಿ ‘ನೀಲ್‌ಘೆರಿ’ ಆಗಿರುತ್ತದೆ. 19ನೆಯ ಶತಮಾನದ ಇಂಗ್ಲಿಷ್ ಬರೆಹಗಳಲ್ಲಿ ಬಡಗರು ‘ಬರ್ಗರ್’ ಆಗಿದ್ದಾರೆ. ಶ್ರೀಲಂಕೆಯ ಡಚ್ ಮೂಲದ ಬರ್ಗರರ ನಡುವೆ ಸೇರಿಹೋದ ಬಡಗರನ್ನು ಹೊರಗೆಳೆಯುವುದು ಸುಲಭವಲ್ಲ. ತೋಡರ ವಸತಿಗೆ ಎಲ್ಲ ಶೀರ್ಷಿಕೆಗಳಲ್ಲೂ ಇರುವ ‘ಮಂಡ್’ ಎಂಬ ಪದ ಬಡಗರ ಮಾತಿನಿಂದ ಇಂಗ್ಲಿಷಿಗೆ ಹೋದದ್ದು, ತೋಡರ ಪದವಲ್ಲ. ತೋಡ ಎಂಬುದೂ ಅವರು ತಮ್ಮನ್ನು ಕರೆದುಕೊಳ್ಳುವ ಹೆಸರಲ್ಲ. ಗೂಡಲೂರಿನ ಕಡೆಯ ದೃಶ್ಯಗಳಲ್ಲಿ ಪಣಿಯರೂ ಕಾಟ್ಟುನಾಯಕರೂ ‘ಬುಡಕಟ್ಟು ಜನ’ ಎಂಬ ಒಂದೇ ಪದದೊಳಗೆ ಅಡಗಿದರೆ, ಮಲಯಾಳಕ್ಕೆ ಹತ್ತಿರದ ನುಡಿ ಯಾವುದು, ಕನ್ನಡಕ್ಕೆ ಹತ್ತಿರದ್ದು ಯಾವುದು ಎಂದು ಮೌನವಾದ ತುಟಿಗಳಿಂದ ಓದುವವರಾರು?

ಕಾನೂನು ಈ ವಿಷಯದಲ್ಲಿ ನಿರ್ಮಾಪಕರು ಭಾವಿಸಿರುವಷ್ಟು ಏಕಪಕ್ಷೀಯವಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಚಲನಚಿತ್ರದ ಹಕ್ಕು ಪ್ರಕಟಣೆಯ ನಂತರ 60 ವರ್ಷ ನಿರ್ಮಾಪಕನದು. ಆದರೆ 1994ರ ತಿದ್ದುಪಡಿ ಪ್ರದರ್ಶಕರಿಗೂ ಹಕ್ಕನ್ನು ಕೊಟ್ಟಿತು, ಅದರ ಅವಧಿ ಈಗ 50 ವರ್ಷ. 2012ರಲ್ಲಿ ಸೇರಿದ 38-ಬಿ ಕಲಮು ಪ್ರದರ್ಶಕರನ್ನು ಅವರ ಹೆಸರಿನಿಂದ ಗುರುತಿಸಬೇಕೆಂದೂ ಅವರ ಮರ್ಯಾದೆಗೆ ಧಕ್ಕೆಯಾಗುವಂತೆ ಪ್ರದರ್ಶನವನ್ನು ತಿರುಚಬಾರದೆಂದೂ ಹೇಳುತ್ತದೆ. ಕೋತರ ವಾದ್ಯಗಾರನಾಗಲಿ ಬಡಗ ಪದಗಳನ್ನು ಹಾಡುವ ಅಜ್ಜಿಯಾಗಲಿ ಕಾನೂನಿನ ದೃಷ್ಟಿಯಲ್ಲಿ ಪ್ರದರ್ಶಕರೇ. ಅವರ ಹೆಸರು ವಿವರಪಟ್ಟಿಯಲ್ಲಿರುವುದು ಸೌಜನ್ಯದ ಮಾತು ಮಾತ್ರವಲ್ಲ. ತೋಡರ ಎಮ್ಮೆ ಮತ್ತು ಹಾಲಿನಮನೆಯ ವಿಧಿಗಳಂಥ ಸಂದರ್ಭಗಳಲ್ಲಿ ಹೊರಗಿನವರು ಏನನ್ನು ನೋಡಬಹುದು ಎಂಬ ಕಟ್ಟುಪಾಡು ಬೇರೆಯೇ ಇದೆ, ಅದನ್ನು ಯಾವ ಕಲಮೂ ಬರೆದಿಟ್ಟಿಲ್ಲ. ಒಮ್ಮೆ ಒಪ್ಪಿಗೆ ಪಡೆದು ಚಿತ್ರಿಸಿದ್ದನ್ನು ಮೂವತ್ತು ವರ್ಷದ ಮೇಲೆ ಮತ್ತೆ ತೆಗೆಯುವಾಗ ಮತ್ತೆ ಕೇಳುವುದೇ ನ್ಯಾಯ.

ಭಾರತದಲ್ಲಿ ಸಂಶೋಧಕರ ಧ್ವನಿಮುದ್ರಣಗಳನ್ನು ಠೇವಣಿಯಾಗಿ ಪಡೆದು ಕಾಪಾಡುವ ಪದ್ಧತಿ ಇಲ್ಲದಿಲ್ಲ. ಅಮೆರಿಕನ್ ಇನ್‌ಸ್ಟಿಟ್ಯೂಟ್ ಆಫ್ ಇಂಡಿಯನ್ ಸ್ಟಡೀಸ್ 1982ರಲ್ಲಿ ಆರಂಭಿಸಿದ ಸಂಗೀತಶಾಸ್ತ್ರೀಯ ದಾಖಲಾಗಾರ ಅದೇ ತತ್ವದ ಮೇಲೆ ನಡೆದಿದೆ. ಠೇವಣಿ ಇಟ್ಟವರ ಹಕ್ಕು ಅವರದೇ, ಕೇಳಿಸಿಕೊಳ್ಳುವ ಅವಕಾಶ ಓದುಗರದು. ಟೆಲಿವಿಷನ್ ನಿರ್ಮಾಪಕರಿಗೂ ಭಾಷಾಸಂಸ್ಥೆಗಳಿಗೂ ನಡುವೆ ಇಂಥ ಏರ್ಪಾಟು ರೂಢಿಯಾದರೆ ಖರ್ಚು ಹೆಚ್ಚೇನಿಲ್ಲ. ಕೇಳಬೇಕಾದ್ದು ಚಿತ್ರದ ಹಕ್ಕನ್ನಲ್ಲ, ಮೈಕಿನಿಂದ ನೇರವಾಗಿ ಬಂದ, ಸಂಗೀತ ಬೆರೆಸದ ಧ್ವನಿಯ ಪ್ರತಿಯನ್ನು. ಅದರ ಜೊತೆಗೆ ಯಾರು, ಯಾವ ಹಟ್ಟಿಯವರು, ಯಾವ ದಿನ, ಯಾವ ಭಾಷೆ ಎಂಬ ನಾಲ್ಕು ವಿವರಗಳನ್ನು. ಚಿತ್ರೀಕರಣದ ದಿನ ಇದಕ್ಕೆ ಹತ್ತು ನಿಮಿಷ ಸಾಕಾಗುತ್ತದೆ. ಇಪ್ಪತ್ತು ವರ್ಷ ಕಳೆದ ಮೇಲೆ ಅದೇ ನಾಲ್ಕು ವಿವರಗಳನ್ನು ಕಲೆಹಾಕಲು ತಿಂಗಳುಗಟ್ಟಲೆ ಅಲೆಯಬೇಕು, ಆಗಲೂ ಸಿಕ್ಕುವ ಭರವಸೆಯಿಲ್ಲ.

ಪ್ರತಿವರ್ಷ ಡಿಸೆಂಬರ್–ಜನವರಿಯ ಹೊತ್ತಿಗೆ ಕೋತಗಿರಿಯ ಬಳಿಯ ಬೇರಗಣಿಯಲ್ಲಿ ಹೆತ್ತೆ ಹಬ್ಬ ನಡೆಯುತ್ತದೆ. ಬಿಳಿಯುಡುಗೆಯ ಸಾವಿರಾರು ಬಡಗರು ಸೇರುತ್ತಾರೆ, ವಾಹಿನಿಗಳ ಕ್ಯಾಮೆರಾಗಳೂ ಬರುತ್ತವೆ. ಸಂಜೆಯ ವಾರ್ತೆಯಲ್ಲಿ ಹೋಗುವುದು ಒಂದೂವರೆ ನಿಮಿಷ, ಅದರ ಮೇಲೆ ವರದಿಗಾರನ ತಮಿಳು. ಸರ್ವರಿನಲ್ಲಿ ಜಾಗ ಬೇಕಾಗುವುದರಿಂದ ಸಂಕಲಿತ ವರದಿಯನ್ನು ಉಳಿಸಿಕೊಂಡು ಕಚ್ಚಾ ಚಿತ್ರಣವನ್ನು ಕೆಲವೇ ದಿನಗಳಲ್ಲಿ ಅಳಿಸುವುದು ಸುದ್ದಿಮನೆಗಳ ಸಾಮಾನ್ಯ ರೂಢಿ. ಒಂದೇ ಸ್ಥಳ, ಒಂದೇ ಸಂದರ್ಭ, ವರ್ಷವರ್ಷವೂ ಬೇರೆ ಬೇರೆ ವಯಸ್ಸಿನವರ ಬಾಯಿಂದ ಬಂದ ಬಡಗ: ಎಮೆನೋ ಕಿವಿಗೊಟ್ಟು ಗುರುತಿಸಿದ ಆ ಸ್ವರಗಳ ಜಾಡು ಹಿಡಿಯಲು ಇದಕ್ಕಿಂತ ಒಳ್ಳೆಯ ಸರಣಿಯನ್ನು ಯಾವ ಸಂಶೋಧನಾ ಯೋಜನೆಯೂ ತನ್ನ ಖರ್ಚಿನಲ್ಲಿ ರೂಪಿಸಲಾರದು. ಅಳಿಸುವ ಮೊದಲು ಆ ಕಚ್ಚಾ ಧ್ವನಿಯ ಒಂದು ಪ್ರತಿಯನ್ನು ಕೇಳಿ ಪಡೆಯಲು ಬೇಕಾಗುವುದು ಸುದ್ದಿಮನೆಗೆ ಒಂದು ಪತ್ರ, ಮತ್ತು ಹಬ್ಬದ ವಾರದಲ್ಲೇ ಅದನ್ನು ಬರೆಯುವ ಒಬ್ಬರು.